ನಿವೃತ್ತರಿಗೊಂದು ಕೂಟ
(ಶತಮಾನೋತ್ಸವದ ಹಿರಿಯರ ದಿನದಂದು ಮಾಡಿದ ಭಾಷಣ)



ಹಿರಿಯರ ವಿಷಯವಾಗಿ ನಾಲ್ಕು ಮಾತನಾಡಬೇಕೆಂದು ಗುರುಗಳು ಅಪ್ಪಣೆ ಮಾಡಿದ್ದಾರೆ. ನಾನೂ ಆ ವರ್ಗಕ್ಕೆ ಸೇರಿದವನಾದುದರಿಂದ ಅನುಭವದಿಂದಲೇ ಆರಂಭಿಸುತ್ತೇನೆ. ನಿವೃತ್ತನಾದ ಮರುದಿನವೂ ಎಂದಿನಂತೆ ಎಂಟು ಗಂಟೆಗೆ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಜಗಲಿಗೆ ಬಂದು ನಿಂತೆ. ಹೋಗಬೇಕಾದ ಸ್ಥಳವೇ ಇರಲಿಲ್ಲ. ಪಿಂಚಣಿ ತಿಂಗಳು ತಿಂಗಳು ಬರುತ್ತದೆ, ಜೊತೆಗಾರರು ಬರುವುದಿಲ್ಲ.

ಇಂಥದೇ ಕೊರತೆಯನ್ನು ಇಂಗ್ಲೆಂಡಿನ ವೆಲ್ವಿನ್ ಗಾರ್ಡನ್ ಸಿಟಿಯ ಕೆಲವರು ನೀಗಿಕೊಂಡ ಬಗೆಯನ್ನು ಹೇಳುತ್ತೇನೆ. ದಿನವೂ ರೈಲಿನಲ್ಲಿ ಲಂಡನ್ನಿಗೆ ಕೆಲಸಕ್ಕೆ ಹೋಗಿಬರುತ್ತಿದ್ದ ಅವರು ನಿವೃತ್ತರಾದ ಬಳಿಕ ಬೆಳಗಿನ ಕಾಫಿಗೆ ಒಟ್ಟುಗೂಡತೊಡಗಿದರು. 1965ರಲ್ಲಿ ಫ್ರೆಡ್ ಕಾರ್ನಿಲ್ ಎಂಬವರ ಮುಂದಾಳುತನದಲ್ಲಿ, ಊರಿನ ರೋಟರಿ ಸಂಸ್ಥೆಯ ನೆರವಿನಿಂದ, ಅದು ಸಂಘವಾಯಿತು. 1966ರಲ್ಲಿ ಕ್ಯಾಟರ್‌ಹ್ಯಾಮ್ ಊರಿನ ರೋಟರಿಯವರು ಅಂಥದೇ ಸಂಘ ಕಟ್ಟಿ ‘ಪ್ರೋಬಸ್’ ಎಂದು ಹೆಸರಿಟ್ಟರು. ವೃತ್ತಿ, ವ್ಯಾಪಾರ ಎಂಬ ಅರ್ಥದ ಎರಡು ಇಂಗ್ಲಿಷ್ ಪದಗಳ ಆರಂಭದ ಅಕ್ಷರಗಳನ್ನು ಕೂಡಿಸಿದ ಹೆಸರದು. ಲ್ಯಾಟಿನ್ನಿನಲ್ಲಿ ಅದಕ್ಕೆ ಸಜ್ಜನನೆಂದು ಅರ್ಥ.

ಅಲ್ಲಿ ನಡೆಯುವುದಾದರೂ ಏನು? ಸಾಮಾನ್ಯವಾಗಿ ತಿಂಗಳಿಗೊಂದು ಸಭೆ, ಒಂದು ಉಪನ್ಯಾಸ, ಊಟ ಇಲ್ಲವೆ ಕಾಫಿ, ಆಗೊಮ್ಮೆ ಪ್ರವಾಸ. ನಿಧಿ ಸಂಗ್ರಹದ ಹೊಣೆಯಿಲ್ಲ, ಸೇವಾಯೋಜನೆಯ ಕಡ್ಡಾಯವಿಲ್ಲ. ಪರೋಪಕಾರವಿಲ್ಲದ ಸಂಘವೇತಕ್ಕೆ ಎಂದು ನಮ್ಮವರು ಹುಬ್ಬೇರಿಸಬಹುದು. 1833ರಲ್ಲಿ ಪ್ಯಾರಿಸಿನಲ್ಲಿ ಫ್ರೆಡರಿಕ್ ಓಝನಾಮರು ಗೆಳೆಯರೊಡನೆ ಆರಂಭಿಸಿದ ಸಂತ ವಿನ್ಸೆಂಟ್ ದೆ ಪೌಲ್ ಸಭೆ ನಮಗಿದೆಯಲ್ಲವೇ? ಅದು ಇರಲೇಬೇಕು. ಆದರೆ ಅದರ ಸದಸ್ಯರಾಗಿ ನಾವು ಬಡವರ ಮನೆಗೆ ಹೋಗುತ್ತೇವೆ. ನಮ್ಮ ಮನೆಯ ಒಂಟಿತನವನ್ನು ಯಾರೂ ವರದಿಯಲ್ಲಿ ಬರೆಯುವುದಿಲ್ಲ.

ಪ್ರೋಬಸ್ಸಿನಲ್ಲಿ ನನಗೊಂದು ಕೊರತೆ ಕಾಣುತ್ತದೆ. ಅಧಿಕಾರಿಗಳೂ ವರ್ತಕರೂ ಕುಳಿತ ಸಭೆಯಲ್ಲಿ ಬಡಗಿಯೊಬ್ಬನು ಬಾಯಿಬಿಡಲು ಹಿಂಜರಿದಾನು. ಆಸ್ಟ್ರೇಲಿಯದವರು 1990ರ ದಶಕದಲ್ಲಿ ಬೇರೊಂದು ದಾರಿ ಹಿಡಿದರು. ‘ಮೆನ್ಸ್ ಶೆಡ್’ ಎಂದು ಅವರು ಕರೆಯುವುದು ಗಂಡಸರು ಕೂಡಿ ಕೆಲಸ ಮಾಡುವ ಕೊಟ್ಟಿಗೆ. 2007ರಲ್ಲಿ ಇವಕ್ಕೊಂದು ರಾಷ್ಟ್ರೀಯ ಒಕ್ಕೂಟವೂ ಆಯಿತು. ಇಂದು ಆ ದೇಶದಲ್ಲಿ ಸಾವಿರಕ್ಕೂ ಹೆಚ್ಚು ಶೆಡ್‌ಗಳಿವೆ. ಉಳಿ, ಗರಗಸ, ಮುರಿದ ಕುರ್ಚಿ, ಒಂದು ಲೋಟ ಚಹಾ, ಇಷ್ಟಿದ್ದರೆ ಸಾಕು. ಗಂಡಸರು ಎದುರೆದುರು ಕುಳಿತು ದುಃಖ ಹೇಳಿಕೊಳ್ಳುವುದಿಲ್ಲ, ಹೆಗಲಿಗೆ ಹೆಗಲು ತಾಗಿಸಿ ಕೆಲಸ ಮಾಡುತ್ತಾ ಹೇಳುತ್ತಾರೆ ಎಂಬುದು ಅವರ ನಂಬಿಕೆ. ಸಂತ ಜೋಸೆಫರ ಒಂದು ಮಾತೂ ಶುಭಸಂದೇಶಗಳಲ್ಲಿ ದಾಖಲಾಗಿಲ್ಲ. ಕೆಲಸದ ಮನೆಯಲ್ಲಿ ಅವರು ಬಹಳ ಮಾತನಾಡಿರಬೇಕೆಂದು ನನ್ನ ಊಹೆ.

ನಮ್ಮ ಧರ್ಮಕೇಂದ್ರದ ಹಿರಿಯರೊಬ್ಬರು ಪ್ರತಿದಿನ ಬೆಳಗಿನ ಪೂಜೆ ಮುಗಿದ ಮೇಲೂ ಬಹಳ ಹೊತ್ತು ಬೆಂಚಿನಲ್ಲೇ ಕುಳಿತಿರುತ್ತಾರೆ. ಮಡದಿ ತೀರಿಕೊಂಡು ವರ್ಷವಾಯಿತು, ಮಕ್ಕಳು ಪರದೇಶದಲ್ಲಿದ್ದಾರೆ. ಅದನ್ನು ಅವರ ಭಕ್ತಿಯೆಂದೇ ತಿಳಿದಿದ್ದೆ. ಒಂದು ದಿನ ಹಾಗೆಂದು ಹೊಗಳಿದಾಗ, “ಭಕ್ತಿಯೂ ಹೌದು ಮಾರಾಯರೇ. ಆದರೆ ಮನೆಗೆ ಹೋದರೆ ಸಂಜೆಯವರೆಗೆ ಮಾತನಾಡಲು ಯಾರಿದ್ದಾರೆ?” ಎಂದರು.

ದೇವಾಲಯದ ಹಿಂಬದಿಯ ಹಳೆಯ ಧರ್ಮೋಪದೇಶದ ಕೋಣೆ ವಾರದ ಆರು ದಿನ ಬೀಗ ಹಾಕಿಕೊಂಡೇ ಇರುತ್ತದೆ. ಗುರುಗಳು ಅದರ ಕೀಲಿಕೈಯನ್ನು ಬುಧವಾರದ ಪೂಜೆಯ ನಂತರ ನಮಗೆ ಕೊಡುವುದಾದರೆ, ಮೊದಲ ದಿನದ ಕಾಫಿಯ ಖರ್ಚು ನನ್ನದು. ಮುರಿದ ಬೆಂಚುಗಳು ಅಲ್ಲಿ ಬೇಕಾದಷ್ಟಿವೆ.