ಒಂಬತ್ತನೇ ಕಿಟಕಿ

ಗೋಕಾಕ ತಾಲೂಕಿನ ಅಂಕಲಗಿಯಲ್ಲಿ ಒಬ್ಬ ತಾಯಿ ನನ್ನನ್ನು ತಡೆದು ಕೇಳಿದಳು: "ದಿನಾ ಟೀವ್ಯಾಗ ಇಷ್ಟ್ ಒದರತೀರಿ. ನನ್ನ ಮಗಗ ಹುಟ್ಟಾ ಕಿವಿ ಕೇಳಂಗಿಲ್ರಿ. ಅಂವಾ ಏನ್ ನೋಡಬೇಕು?"

ಕೆಳಗೆ ಅಕ್ಷರ ಓಡ್ತಾವಲ್ಲವ್ವಾ, ಅಂದೆ.

"ಅವು ಅವಗ ತಿಳೀಬೇಕಲ್ರಿ."

ನಿಜ. ನಾವು ಕಿವಿಯಲ್ಲಿ ಕೇಳಿದ ಕನ್ನಡವನ್ನೇ ಅಕ್ಷರದಲ್ಲಿ ಗುರುತಿಸ್ತೀವಿ. ಆ ಹುಡುಗನಿಗೆ ಅದು ಎಂದೂ ಕೇಳದ ಭಾಷೆಯ ಬರಹ. ಅವನ ಭಾಷೆ ಕೈಯಲ್ಲಿದೆ, ಹುಬ್ಬಿನಲ್ಲಿದೆ. ಭಾರತೀಯ ಸಂಜ್ಞಾ ಭಾಷೆಗೆ ತನ್ನದೇ ವ್ಯಾಕರಣ ಇದೆ. ಅದು ಕನ್ನಡದ ನಕಲಲ್ಲ.

ಕೈಮಾತು ನಮಗೇನು ಹೊಸದೇ? ದನದ ಸಂತೆಯಲ್ಲಿ ಟವೆಲ್ ಕೆಳಗೆ ಬೆರಳು ಹಿಡಿದು ರೇಟು ಕುದುರಿಸಿದ ಜನ ನಾವು! ಗೌರಿಬಿದನೂರು ತಾಲೂಕಿನ ಅಲೀಪುರದಲ್ಲಿ ಕಿವುಡರ ಸಂಖ್ಯೆ ಹೆಚ್ಚು. ಊರಿನದೇ ಒಂದು ಕೈಭಾಷೆ ಅಲ್ಲಿ ಬೆಳೆದಿದೆ, ಕಿವಿ ಕೇಳುವವರೂ ಅದನ್ನು ಬಳಸ್ತಾರೆ. ಅಲ್ಲಿ ಕಲಿತದ್ದು ಊರು.

2011ರ ಜನಗಣತಿಯಂತೆ ದೇಶದಲ್ಲಿ ಶ್ರವಣದೋಷ ಇರುವವರು ಸುಮಾರು 50 ಲಕ್ಷ. ಟೀವಿ ಕಾರ್ಯಕ್ರಮಗಳು ಇವರಿಗೆ ಸಂಜ್ಞಾ ಭಾಷೆಯಲ್ಲೋ ಸಬ್‌ಟೈಟಲ್‌ನಲ್ಲೋ ಸಿಗುವಂತೆ ಮಾಡಿ ಅಂತ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಸರ್ಕಾರಕ್ಕೆ ಹೇಳಿದೆ. ದೂರದರ್ಶನ ದಶಕಗಳ ಹಿಂದೆಯೇ ಕಿವುಡರಿಗಾಗಿ ವಾರ್ತೆ ಶುರು ಮಾಡಿತ್ತು. ನಾವು ಖಾಸಗಿಯವರು?

ನಮ್ಮ ಚರ್ಚೆಯಲ್ಲಿ ಎಂಟು ಕಿಟಕಿ. ಎಂಟೂ ಜನ ಒಟ್ಟಿಗೇ ಕೂಗ್ತಾರೆ, ಕಿವಿ ಇದ್ದವರಿಗೂ ಏನೂ ಕೇಳಲ್ಲ. ಕೈಯಲ್ಲಿ ಹೇಳುವವರಿಗೆ ಒಂಬತ್ತನೇ ಕಿಟಕಿ ಕೊಡಿ ಅಂದ್ರೆ ಜಾಗ ಇಲ್ಲ. ಹಾಗಂತ ಮೀಟಿಂಗಿನಲ್ಲಿ ಹಿಂದೊಮ್ಮೆ ಹೇಳಿದವನು ನಾನೇ. ಊರಿಂದ ಬಂದ ಮೇಲೆ ಆ ಮಾತು ವಾಪಸ್ ತಗೊಂಡು ಸಂಪಾದಕರಿಗೆ ಚೀಟಿ ಬರೆದಿದ್ದೇನೆ. ಉತ್ತರ ಇನ್ನೂ ಬಂದಿಲ್ಲ.