ಅಜ್ಜ ಎಲ್ಲಿಗೆ ಹೋದರು?

ನಿಮ್ಮ ಪತ್ರಗಳಲ್ಲಿ ಒಂದೇ ಆತಂಕ ಮತ್ತೆ ಮತ್ತೆ ಕಾಣುತ್ತಿದೆ: "ಅಜ್ಜನ ಹೆಗಲಿಳಿಯದೆ ಬೆಳೆದ ಮಗು, ಅಜ್ಜ ಹೋದ ಮೇಲೂ ಆಡಿಕೊಂಡೇ ಇದೆ. ಇದಕ್ಕೆ ದುಃಖವೇ ಇಲ್ಲವೇ?"

ಖಂಡಿತ ಇದೆ. ಮಕ್ಕಳ ದುಃಖ ಬಿಟ್ಟು ಬಿಟ್ಟು ಬರುತ್ತದೆ. ಊಟದ ನಡುವೆ ಬಿಕ್ಕಿ ಅತ್ತ ಮಗು ಮರುಗಳಿಗೆಯಲ್ಲಿ ಚೆಂಡಿನ ಹಿಂದೆ ಓಡುತ್ತದೆ. ಅದನ್ನು ಕಲ್ಲುಮನಸ್ಸು ಎನ್ನಬೇಡಿ. ಒಮ್ಮೆಗೆ ಅಷ್ಟೇ ತಾಳಿಕೊಳ್ಳಲಾಗುವುದು ಆ ವಯಸ್ಸಿಗೆ.

ನನಗೆ ನಿಜವಾದ ಚಿಂತೆ ದೊಡ್ಡವರ ಸುಳ್ಳುಗಳದ್ದು. "ಅಜ್ಜ ಮಲಗಿದ್ದಾರೆ", "ಊರಿಗೆ ಹೋಗಿದ್ದಾರೆ" ಅನ್ನುತ್ತೇವಲ್ಲ, ಅವು. ಹಂಗೇರಿಯ ಮಕ್ಕಳನ್ನು ಮಾತಾಡಿಸಿ ಮನಶ್ಶಾಸ್ತ್ರಜ್ಞೆ ಮಾರಿಯಾ ನಾಗಿ 1948ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಐದರೊಳಗಿನ ಮಕ್ಕಳಿಗೆ ಸಾವೆಂದರೆ ನಿದ್ದೆ, ಇಲ್ಲವೇ ಪ್ರಯಾಣ ಎಂದು ಅದರಲ್ಲಿ ಕಂಡುಬಂತು. ಮಲಗಿದವರು ಏಳುತ್ತಾರೆ, ಹೋದವರು ಬರುತ್ತಾರೆ. ನಾವೂ ಅದನ್ನೇ ಹೇಳಿದರೆ ಮಗು ಬಾಗಿಲು ನೋಡುತ್ತಾ ಕಾಯುತ್ತದೆ. ನನ್ನಲ್ಲಿಗೆ ಕರೆತಂದ ಹುಡುಗಿಯೊಬ್ಬಳು ರಾತ್ರಿ ಕಣ್ಣು ಮುಚ್ಚಲು ಒಲ್ಲೆ ಅನ್ನುತ್ತಿದ್ದಳು. ಮೆಲ್ಲಗೆ ಕೇಳಿದರೆ, "ಅಜ್ಜ ಮಲಗಿ ಏಳಲೇ ಇಲ್ವಲ್ಲ" ಅಂದಳು. ಆದ್ದರಿಂದ ಮಲಗಿದ್ದಾರೆ ಅನ್ನಬೇಡಿ. "ಅಜ್ಜ ಸತ್ತುಹೋದರು. ಅವರಿಗೆ ಇನ್ನು ಉಸಿರಿಲ್ಲ, ಹಸಿವಿಲ್ಲ, ನೋವಿಲ್ಲ. ಮತ್ತೆ ಬರುವುದಿಲ್ಲ" ಅನ್ನಿ. ಹತ್ತು ಸಲ ಕೇಳಿದರೆ ಹತ್ತು ಸಲವೂ ಇದನ್ನೇ ಹೇಳಿ.

ಮಕ್ಕಳಿಗೆ ಸಾವಿನ ಮಾತೇಕೆ ಎನ್ನುವವರಿದ್ದಾರೆ. ಆದರೆ ಅಡಿಕೆ ತೋಟದಲ್ಲಿ ಅಜ್ಜನ ಪಕ್ಕ ಕುಕ್ಕರಗಾಲಲ್ಲಿ ಕೂತು, ಸತ್ತ ಜೀರುಂಡೆಯನ್ನು ಇರುವೆಗಳು ಎಳೆದೊಯ್ಯುವುದನ್ನು ನೋಡಿದ ಮಗು ಅದು. ಕಳಚಿ ಬಿದ್ದ ಸೋಗೆ ಮತ್ತೆ ಮರಕ್ಕೆ ಅಂಟುವುದಿಲ್ಲವೆಂದು ಅದಕ್ಕೆ ಗೊತ್ತು. ಅದೇ ಸೋಗೆಯ ಹಾಳೆಯ ಮೇಲೆ ಮಗುವನ್ನು ಕೂರಿಸಿ ಅಜ್ಜ ಅಂಗಳದ ತುಂಬ ಎಳೆದಾಡಿಸಿದ್ದಾರೆ. ಅಜ್ಜ ಶುರುಮಾಡಿದ ಆ ಪಾಠವನ್ನು ನೀವು ಮುಂದುವರಿಸಿ. ತೋಟಕ್ಕೆ ಕರೆದೊಯ್ಯಿರಿ, ಅವರು ನೆಟ್ಟ ಮೆಣಸಿನ ಬಳ್ಳಿಗೆ ಮಗುವೇ ನೀರು ಹಾಕಲಿ. ಆದರೆ ಅಜ್ಜನೇ ಈ ಬಳ್ಳಿಯಾಗಿದ್ದಾರೆ ಅನ್ನಬೇಡಿ. ನಾಳೆ ಬಳ್ಳಿಗೆ ಸೊರಗುರೋಗ ಬಂದರೆ ಮಗು ಅಜ್ಜನನ್ನು ಎರಡನೆಯ ಸಲ ಕಳೆದುಕೊಳ್ಳುತ್ತದೆ.

ಕೊನೆಯದಾಗಿ ಎರಡು ಮಾತು. ಊಟ, ನಿದ್ದೆ, ಶಾಲೆ ವಾರಗಟ್ಟಲೆ ಹಳಿ ತಪ್ಪಿದರೆ ವೈದ್ಯರಿಗೆ ತೋರಿಸಿ. ನಿಮಗೆ ಅಳು ಬಂದರೆ ಅಡುಗೆಮನೆಗೆ ಹೋಗಿ ಮುಚ್ಚಿಡಬೇಡಿ, ಮಗುವಿನ ಎದುರೇ ಅತ್ತುಬಿಡಿ. ಈ ಮನೆಯಲ್ಲಿ ಅಜ್ಜನಿಗಾಗಿ ಅಳಬಹುದು ಅನ್ನುವುದು ಅದಕ್ಕೆ ತಿಳಿಯಬೇಕಾದ್ದು ನಿಮ್ಮಿಂದಲೇ.