ಕನ್ನಡ ನೆಲದ ಅರಬ್ಬೀ ಅಕ್ಷರ



ಅರಬ್ಬೀ ಅಕ್ಷರಮಾಲೆಯ ಬಗ್ಗೆ ಮಾತಾಡಲು ಬೆಂಗಳೂರಿನ ಗೊರಗುಂಟೆಪಾಳ್ಯವೇ ಯಾಕೆ ಎಂದು ಕೆಲವರು ಕೇಳಿದರು. ನಾವು ಸೇರಿರುವ ಈ ಕೂಡುರಸ್ತೆಯಿಂದ ಹೊರಡುವ ಎರಡು ದಾರಿಗಳನ್ನು ನೋಡಿ. ತುಮಕೂರು ರಸ್ತೆ ಹಿಡಿದರೆ ಶಿರಾ ಸಿಗುತ್ತದೆ. ಬಿಜಾಪುರದ ಆದಿಲಶಾಹಿಗಳ ಅಧಿಕಾರಿ ಮಲಿಕ್ ರೆಹಾನ್ ಮಣ್ಣಾದದ್ದು ಅಲ್ಲಿ. 1687ರ ಮೇಲೆ ಮೊಗಲರು ತಮ್ಮ ಕರ್ನಾಟಕ ಸುಬಾದ ಆಡಳಿತ ನಡೆಸಿದ್ದೂ ಅಲ್ಲಿಂದಲೇ. ಹೊರವರ್ತುಲ ರಸ್ತೆ ಹಿಡಿದು ಬಿಇಎಲ್ ವೃತ್ತ, ಹೆಬ್ಬಾಳ ದಾಟಿ ನಾಗವಾರದ ಕಡೆಗೆ ಹೋದರೆ ಅಲ್ಲಿನ ಅಂಚೆಯ ಹೆಸರೇ ಅರೇಬಿಕ್ ಕಾಲೇಜು, ಪಿನ್ ಸಂಖ್ಯೆ 560045. ದಾರುಲ್ ಉಲೂಮ್ ಸಬೀಲುರ್ರಶಾದ್ ಎಂಬ ವಿದ್ಯಾಸಂಸ್ಥೆಯಿಂದ ಬಂದ ಹೆಸರು ಅದು. ಈ ಸಿಗ್ನಲ್‌ನಲ್ಲಿ ನಿಲ್ಲುವ ಎಷ್ಟೋ ಲಾರಿ, ಆಟೋಗಳ ಹಣೆಯ ಮೇಲೆ 786 ಎಂದು ಬರೆದಿರುತ್ತದೆ. ಆ ಅಂಕಿಯೂ ಅರಬ್ಬೀ ಅಕ್ಷರಮಾಲೆಯಿಂದಲೇ ಹುಟ್ಟಿದ್ದು. ಹೇಗೆಂದು ಮುಂದೆ ಹೇಳುತ್ತೇನೆ.

ಬಹಮನಿಗಳು ಕಲಬುರಗಿಯಲ್ಲಿ ರಾಜ್ಯ ಕಟ್ಟಿದ್ದು 1347ರಲ್ಲಿ. ಅಂದರೆ ಆರೂವರೆ ಶತಮಾನಕ್ಕೂ ಮಿಕ್ಕಿ ಈ ಲಿಪಿ ನಮ್ಮ ಕಲ್ಲು, ನಾಣ್ಯ, ಕಾಗದ, ಮಕ್ಕಳ ಹಲಗೆಗಳ ಮೇಲೆ ಬಾಳಿದೆ. ಹೀಗಿದ್ದರೂ ಕನ್ನಡದ ಚರಿತ್ರೆ ಓದುವ ನಮ್ಮ ಹುಡುಗರಿಗೆ ಇದರ ಒಂದು ಅಕ್ಷರವೂ ಬರುವುದಿಲ್ಲ. ಅವರು ಇದನ್ನು ಕಲಿಯಬೇಕು ಎಂದು ಕೇಳಿಕೊಳ್ಳಲು ನಾನು ಇಲ್ಲಿ ನಿಂತಿದ್ದೇನೆ.

ಕಲಿಯುವುದು ಕಷ್ಟವೇನಲ್ಲ. ಇರುವುದು 28 ಅಕ್ಷರ, ಬಲದಿಂದ ಎಡಕ್ಕೆ ಬರಹ. ಎಲ್ಲವೂ ವ್ಯಂಜನಗಳೇ. ಅಲಿಫ್, ವಾವ್, ಯಾ ಎಂಬ ಮೂರು ದೀರ್ಘ ಸ್ವರದ ಕೆಲಸವನ್ನೂ ಮಾಡುತ್ತವೆ. ಹ್ರಸ್ವ ಸ್ವರವನ್ನು ದಿನಬಳಕೆಯ ಬರಹದಲ್ಲಿ ಗುರುತಿಸುವುದೇ ಇಲ್ಲ. ಭಾಷೆ ಬಲ್ಲವರು ಓದುತ್ತ ತಾವೇ ತುಂಬಿಕೊಳ್ಳುತ್ತಾರೆ. ಕುರ್‌ಆನಿನಲ್ಲೂ ಮಕ್ಕಳ ಪುಸ್ತಕದಲ್ಲೂ ಮಾತ್ರ ಅಕ್ಷರದ ಮೇಲೆ, ಕೆಳಗೆ ಸಣ್ಣ ಗುರುತುಗಳಿರುತ್ತವೆ. ನಮ್ಮೂರಿನ ಮಕ್ತಬ್ ಎಂಬ ಮಕ್ಕಳ ಪಾಠಶಾಲೆಗಳಲ್ಲಿ ಇವುಗಳಿಗೆ ಜಬರ್, ಜೇರ್, ಪೇಶ್ ಎನ್ನುತ್ತಾರೆ. ಮಗು ಕಾಯ್ದಾ ಎಂಬ ಮೊದಲ ಪಾಠಪುಸ್ತಕ ಹಿಡಿದು 'ಬೇ ಜಬರ್ ಬ, ಬೇ ಜೇರ್ ಬಿ, ಬೇ ಪೇಶ್ ಬು' ಎಂದು ರಾಗವಾಗಿ ಹೇಳುವುದನ್ನು ಕೇಳಿದರೆ ಕಾಗುಣಿತ ಕಲಿತವರಿಗೆ ಬೇರೆ ವಿವರಣೆ ಬೇಡ.

ಹಲವು ಅಕ್ಷರಗಳಿಗೆ ಮೈ ಒಂದೇ, ಚುಕ್ಕಿ ಬೇರೆ. ಅದೇ ಗೆರೆಗೆ ಕೆಳಗೆ ಒಂದು ಚುಕ್ಕಿಯಿಟ್ಟರೆ ಬೇ, ಮೇಲೆ ಎರಡಿಟ್ಟರೆ ತೇ, ಮೂರಿಟ್ಟರೆ ಸೇ. ಮೊದಮೊದಲ ಹಸ್ತಪ್ರತಿಗಳಲ್ಲಿ ಈ ಚುಕ್ಕಿಗಳೂ ವಿರಳ. ಅರಬರಲ್ಲದವರು ಇಸ್ಲಾಮಿಗೆ ಬಂದಂತೆ ಓದು ತಪ್ಪತೊಡಗಿತು. ಅದನ್ನು ತಿದ್ದಲು 7ನೆಯ ಶತಮಾನದಲ್ಲಿ ಅಬುಲ್ ಅಸ್ವದ್ ಅಲ್ ದುಅಲಿ ಸ್ವರಗಳಿಗೆ ಬಣ್ಣದ ಚುಕ್ಕಿಗಳನ್ನಿಟ್ಟರೆಂದು ಪರಂಪರೆ ಹೇಳುತ್ತದೆ. ಮುಂದಿನ ಶತಮಾನದಲ್ಲಿ ಬಸ್ರಾದ ಅಲ್ ಖಲೀಲ್ ಇಬ್ನ್ ಅಹ್ಮದ್ ಈಗಿನ ಸ್ವರಚಿಹ್ನೆಗಳಿಗೆ ರೂಪ ಕೊಟ್ಟರು.

ಈ ಅಲ್ ಖಲೀಲರ ಬಳಿ ನಾವು ಸ್ವಲ್ಪ ನಿಲ್ಲಬೇಕು. ಅರಬ್ಬಿಯ ಮೊದಲ ನಿಘಂಟು 'ಕಿತಾಬ್ ಅಲ್ ಐನ್' ಅವರ ಯೋಜನೆ. ಅದರಲ್ಲಿ ಅವರು ಅಲಿಫ್, ಬಾ, ತಾ ಎಂಬ ರೂಢಿಯ ಸಾಲನ್ನು ಬಿಟ್ಟು, ಗಂಟಲಿನ ಆಳದಿಂದ ಹೊರಡುವ 'ಐನ್'ನಿಂದ ಶುರುಮಾಡಿ ತುಟಿಯ ಅಕ್ಷರಗಳವರೆಗೆ ಉಚ್ಚಾರಣೆಯ ಸ್ಥಾನ ಹಿಡಿದು ಪದಗಳನ್ನು ಜೋಡಿಸಿದರು. ಕಂಠ್ಯ, ತಾಲವ್ಯ, ಮೂರ್ಧನ್ಯ, ದಂತ್ಯ, ಓಷ್ಠ್ಯ ಎಂದು ಒಂದನೆಯ ತರಗತಿಯಿಂದ ಬಾಯಿಪಾಠ ಮಾಡಿದ ನಮಗೆ ಈ ಬುದ್ಧಿ ಎಷ್ಟು ಹತ್ತಿರದ್ದು! ಭಾರತೀಯ ವ್ಯಾಕರಣದ ಪ್ರಭಾವ ಇದ್ದೀತೆಂದು ಕೆಲ ವಿದ್ವಾಂಸರು ಊಹಿಸಿದ್ದಾರೆ. ಪುರಾವೆ ದೊರೆತಿಲ್ಲ, ದೊರೆಯದ್ದನ್ನು ಹೆಮ್ಮೆಗಾಗಿ ನಂಬುವುದು ಬೇಡ. ಅಲ್ ಖಲೀಲರೂ ನಮ್ಮ ವೈಯಾಕರಣರೂ ಬಾಯಿ ತೆರೆದು ತಮ್ಮ ನಾಲಗೆಯನ್ನೇ ಗಮನಿಸಿದರು, ನನಗೆ ಅಷ್ಟು ಸಾಕು. ಇಂದಿಗೂ ಮದರಸಾಗಳಲ್ಲಿ ತಜ್ವೀದ್ ಪಾಠದಲ್ಲಿ ಯಾವ ಅಕ್ಷರ ಗಂಟಲಿನ ಯಾವ ಭಾಗದಿಂದ, ನಾಲಗೆಯ ಯಾವ ಅಂಚಿನಿಂದ ಹೊರಡಬೇಕೆಂದು ಉಸ್ತಾದರು ತಿದ್ದುತ್ತಾರೆ. ವೇದಪಾಠ ಶಾಲೆಯಲ್ಲಿ ಕೂತು ಬಂದವರಿಗೆ ಈ ಕಟ್ಟುನಿಟ್ಟು ಹೊಸದೆನಿಸದು.

ಬರಹದ ಅಂದವೂ ಲೆಕ್ಕಾಚಾರದ್ದೇ. 940ರಲ್ಲಿ ತೀರಿಕೊಂಡ ಬಾಗ್ದಾದಿನ ವಜೀರ ಇಬ್ನ್ ಮುಕ್ಲಾ, ಓರೆಯಾಗಿ ಕತ್ತರಿಸಿದ ಜೊಂಡಿನ ಕಲಮ್ ಒತ್ತಿದಾಗ ಮೂಡುವ ಚುಕ್ಕಿಯನ್ನೇ ಅಳತೆಯಾಗಿ ಇಟ್ಟುಕೊಂಡು, ಅಲಿಫ್ ಇಷ್ಟು ಚುಕ್ಕಿ ಎತ್ತರ, ಉಳಿದ ಅಕ್ಷರ ಅದಕ್ಕೆ ತಕ್ಕಂತೆ ಎಂದು ಪ್ರಮಾಣ ಕಟ್ಟಿದ. ರಾಜಕೀಯದಲ್ಲಿ ಸಿಕ್ಕಿ ಆ ಕೈಯನ್ನೇ ಕಳೆದುಕೊಂಡು ಸೆರೆಯಲ್ಲಿ ಸತ್ತ. ಅವನ ಅಳತೆ ಉಳಿಯಿತು.

ಈ ವಿದ್ಯೆ ನಮ್ಮ ನೆಲದಲ್ಲಿ ಹೇಗೆ ಅರಳಿತೆಂದು ತಿಳಿಯಬೇಕಾದರೆ ಬೀದರಿಗೆ ಹೋಗಬೇಕು. 1472ರಲ್ಲಿ ಮಹಮೂದ್ ಗವಾನ್ ಕಟ್ಟಿಸಿದ ಮದರಸಾದ ಅರ್ಧ ಭಾಗ ಸಿಡಿದು ಬಿದ್ದಿದೆ. ನಿಂತಿರುವ ಒಂದು ಮಿನಾರು ಮತ್ತು ಮುಂಗೋಡೆಯ ಮೇಲೆ ಬಣ್ಣದ ಹೆಂಚುಗಳಲ್ಲಿ ಬರೆದ ಅರಬ್ಬೀ ಸಾಲು ಇನ್ನೂ ಇದೆ. ಪಕ್ಕದ ಅಷ್ಟೂರಿನಲ್ಲಿ ಅಹ್ಮದ್ ಶಾ ವಲಿಯ ಗುಮ್ಮಟದ ಒಳಗಂತೂ ಕೆಂಪು, ನೀಲಿ, ಹೊಂಬಣ್ಣಗಳಲ್ಲಿ ಕೂಫಿ, ನಸ್ಖ್, ಸುಲುಸ್ ಶೈಲಿಗಳೆಲ್ಲ ಒಂದರ ಪಕ್ಕ ಒಂದು ಬಂದಿವೆ. ಆ ಸುಲ್ತಾನನನ್ನು ಅಲ್ಲಮಪ್ರಭುವಿನ ಅವತಾರವೆಂದು ನಂಬುವ ಲಿಂಗಾಯತರಿದ್ದಾರೆ. ಅವನ ಜಾತ್ರೆಗೆ ಕಲಬುರಗಿ ಸೀಮೆಯ ಮಾಡ್ಯಾಳದಿಂದ ಜಂಗಮರು ಬರುತ್ತಾರೆ. ವಚನ ಹೇಳುವ ಬಾಯಿ ಆ ಅಕ್ಷರಗಳ ಕೆಳಗೆ ನಿಂತು ಶತಮಾನಗಳಾಗಿವೆ.

ಬಿಜಾಪುರದಲ್ಲಿ ಇಬ್ರಾಹಿಂ ರೋಜಾದ ಕಿಟಕಿಗಳನ್ನು ನೋಡಿದವರಿಗೆ ನಾನು ಹೇಳುವುದು ಅರ್ಥವಾಗುತ್ತದೆ. ಅಲ್ಲಿ ಅಕ್ಷರವನ್ನು ಕಲ್ಲಿನ ಮೇಲೆ ಕೆತ್ತಿಲ್ಲ, ಕಲ್ಲನ್ನೇ ಆರಪಾರ ಕೊರೆದು ಅಕ್ಷರದ ಜಾಲಂಧ್ರ ಮಾಡಿದ್ದಾರೆ. ಬೆಳಕು ಒಳಗೆ ಬರುವುದು ಬರಹದ ಸಂದಿನಿಂದ. ಅಲ್ಲಿ ಮಣ್ಣಾಗಿರುವ ಇಬ್ರಾಹಿಂ ಆದಿಲಶಾ ದಖನಿ ಭಾಷೆಯಲ್ಲಿ 'ಕಿತಾಬ್-ಎ-ನೌರಸ್' ಎಂಬ ಸಂಗೀತ ಕೃತಿ ರಚಿಸಿದ. ಅದರಲ್ಲಿ ಸರಸ್ವತಿಯ ಸ್ತುತಿಯಿದೆ, ಗಣಪತಿಯ ಸ್ತುತಿಯಿದೆ. ಪ್ರತಿ ಮಾಡಿದ ಲಿಪಿಕಾರರು ಬರೆದದ್ದು ಅರಬ್ಬೀ ಲಿಪಿಯಲ್ಲಿ. ಅದರ ಒಂದು ಪ್ರತಿ ಬರೆದ ಖಲೀಲುಲ್ಲಾನಿಗೆ ಸುಲ್ತಾನ 'ಕಲಮಿನ ಬಾದಷಾ' ಎಂಬ ಬಿರುದು ಕೊಟ್ಟ. ಲಿಪಿಯನ್ನೂ ಮತವನ್ನೂ ಒಂದೇ ಗಂಟಿನಲ್ಲಿ ಕಟ್ಟಿಬಿಡುವ ಮುನ್ನ ಈ ಪುಸ್ತಕವನ್ನು ನೆನೆಯಬೇಕು. ಅದು ಕನ್ನಡ ನೆಲದಲ್ಲೇ ಹುಟ್ಟಿದ್ದು.

ಇನ್ನು 786ಕ್ಕೆ ಬರುತ್ತೇನೆ. ಅರಬ್ಬೀ ಅಕ್ಷರಗಳಿಗೆ ಹಳೆಯದೊಂದು ಸಾಲಿದೆ: ಅಲಿಫ್, ಬಾ, ಜೀಮ್, ದಾಲ್. ಗ್ರೀಕರ ಆಲ್ಫಾ, ಬೀಟಾ, ಗಾಮಾ, ಡೆಲ್ಟಾ ಸಾಲಿಗೂ ಇದಕ್ಕೂ ಮೂಲ ಒಂದೇ. ಆ ಕ್ರಮದಲ್ಲಿ ಪ್ರತಿ ಅಕ್ಷರಕ್ಕೂ ಬೆಲೆ ಉಂಟು. ಅಲಿಫ್ 1, ಬಾ 2, ಹೀಗೆ ಹತ್ತು, ನೂರು ದಾಟಿ ಕೊನೆಯ ಗೈನ್ 1000. ಇದಕ್ಕೆ ಅಬ್ಜದ್ ಎನ್ನುತ್ತಾರೆ. ಬಿಸ್ಮಿಲ್ಲಾದ ಪೂರ್ಣ ವಾಕ್ಯದ ಅಕ್ಷರಗಳ ಬೆಲೆ ಕೂಡಿದರೆ 786. ದೇವರ ಹೆಸರಿರುವ ಕಾಗದ ಕಾಲಿನ ಕೆಳಗೆ ಬೀಳಬಾರದೆಂಬ ಎಚ್ಚರಕ್ಕೆ ಜನ ಅಂಕಿ ಬರೆದರು. ನಮ್ಮಲ್ಲಿ ಇದರ ನೆಂಟ ಕಟಪಯಾದಿ. ಮೇಚಕಲ್ಯಾಣಿ ಎಂದರೆ ಮ 5, ಚ 6, ತಿರುಗಿಸಿದರೆ 65ನೆಯ ಮೇಳ ಎಂದು ಸಂಗೀತದ ಮಕ್ಕಳು ಲೆಕ್ಕ ಹಾಕುತ್ತಾರಲ್ಲ, ಅದೇ ಜಾಣ್ಮೆ. ಬಿಜಾಪುರದ ಗೋಳಗುಮ್ಮಟದ ದಕ್ಷಿಣ ಬಾಗಿಲ ಮೇಲೆ ಮೂರು ತುಂಡು ಪಾರಸಿ ಬರಹವಿದೆ. ಒಂದೊಂದನ್ನೂ ಬೇರೆಯಾಗಿ ಕೂಡಿದರೂ ಬರುವುದು ಹಿಜರಿ 1067. ಕ್ರಿ.ಶ. 1656, ಮಹಮ್ಮದ್ ಆದಿಲಶಾ ತೀರಿಕೊಂಡ ವರ್ಷ. ಪಿಸುಮಾತಿನ ಗ್ಯಾಲರಿಯಲ್ಲಿ ಕೂಗಿ ನೋಡುವ ಸಾವಿರಾರು ಪ್ರವಾಸಿಗಳಿಗೆ ಈ ಬಾಗಿಲ ಲೆಕ್ಕವನ್ನು ಹೇಳಿಕೊಡುವವರಿಲ್ಲ ಎಂಬುದು ನನಗೆ ನೋವಿನ ಸಂಗತಿ.

ಮೈಸೂರು ಸೀಮೆಯಲ್ಲಿ ಈ ಲಿಪಿಯ ಅತಿ ಚಿಕ್ಕ ದಾಖಲೆ ಒಂದೇ ಅಕ್ಷರದ್ದು. 1763ರಲ್ಲಿ ಬಿದನೂರು ಗೆದ್ದ ಹೈದರ್ ಅಲಿ, ಕೆಳದಿಯವರ ವರಹದ ಶಿವಪಾರ್ವತಿಯರನ್ನು ಹಾಗೇ ಉಳಿಸಿಕೊಂಡು, ಹಿಂಬದಿಗೆ ತನ್ನ ಹೆಸರಿನ ಮೊದಲ ಅಕ್ಷರ 'ಹಾ' ಒಂದನ್ನು ಅಚ್ಚು ಹಾಕಿಸಿದ. ಆತನಿಗೆ ಓದು ಬರಹ ಬಾರದು. ಮಗ ಟಿಪ್ಪುವಿನ ಪುಸ್ತಕ ಭಂಡಾರಕ್ಕೆ ಚಾರ್ಲ್ಸ್ ಸ್ಟೂವರ್ಟ್ 1809ರಲ್ಲಿ ಕೇಂಬ್ರಿಜ್‌ನಲ್ಲಿ ಅಚ್ಚಾದ ಒಂದು ದೊಡ್ಡ ಪಟ್ಟಿಯನ್ನೇ ಮಾಡಬೇಕಾಯಿತು. ಒಂದು ತಲೆಮಾರಿನಲ್ಲಿ ಒಂದು ಅಕ್ಷರದಿಂದ ಗ್ರಂಥಾಲಯಕ್ಕೆ! ಆ ಪುಸ್ತಕಗಳು ಶ್ರೀರಂಗಪಟ್ಟಣ ಬಿದ್ದ ಮೇಲೆ ಇಲ್ಲಿ ಉಳಿಯಲಿಲ್ಲ.

ಅರಮನೆ, ಗುಮ್ಮಟಗಳ ಆಚೆಗೆ, ಈ ಲಿಪಿ ಬಡವರ ಮನೆಯ ಮಕ್ಕಳಿಗೆ ಅಕ್ಷರ ಕೊಟ್ಟದ್ದು ಕರಾವಳಿಯಲ್ಲಿ. ಅರಬ್ಬಿಯಲ್ಲಿ ಪ, ಚ, ಟ, ಣ, ಳಗಳಿಗೆ ಅಕ್ಷರವಿಲ್ಲ. ಮಲಬಾರಿನವರು ಇರುವ ಅಕ್ಷರಗಳಿಗೆ ಚುಕ್ಕಿ, ಗುರುತು ಸೇರಿಸಿ ಅರಬಿ ಮಲಯಾಳ ಎಂಬ ಬರಹ ಕಟ್ಟಿಕೊಂಡರು. ಕಾಸರಗೋಡು, ಮಂಗಳೂರು, ಪುತ್ತೂರಿನ ಬ್ಯಾರಿ ಮನೆಗಳ ಮಕ್ಕಳು ತಲೆಮಾರುಗಟ್ಟಲೆ ಅದರಲ್ಲೇ ಮದರಸಾ ಪಾಠ ಓದಿದರು. ಮನೆಯಲ್ಲಿ ಬ್ಯಾರಿ, ಬೀದಿಯಲ್ಲಿ ತುಳು, ಶಾಲೆಯಲ್ಲಿ ಕನ್ನಡ. ಮುಂಜಾನೆ ಬಲದಿಂದ ಎಡಕ್ಕೆ ಬರೆದ ಕೈ ಹತ್ತು ಗಂಟೆಗೆ ಎಡದಿಂದ ಬಲಕ್ಕೆ ಬರೆಯುತ್ತಿತ್ತು. ಭಟ್ಕಳದ ನವಾಯತರೂ ತಮ್ಮ ಮಾತನ್ನು ಇದೇ ಲಿಪಿಯಲ್ಲಿ ಬರೆಯುತ್ತಾರೆ. ಕನ್ನಡ ಕತೆ ಕಾದಂಬರಿಗೆ ಬೊಳುವಾರು ಮಹಮದ್ ಕುಂಞಿ, ಸಾರಾ ಅಬೂಬಕ್ಕರ್ ಇಂಥ ಪರಿಸರದಿಂದ ಬಂದರು. ಎರಡು ಲಿಪಿಯ ಮಕ್ಕಳಿಗೆ ಎರಡೂ ಗೊಂದಲವಾಗುತ್ತದೆ ಎನ್ನುವವರು ಇವರನ್ನು ಓದಲಿ.

ಒಂದು ಕೊರತೆಯನ್ನೂ ಹೇಳಲೇಬೇಕು. ಕಾಯ್ದಾ ಮುಗಿಸಿ ಕುರ್‌ಆನನ್ನು ನಿರರ್ಗಳ ಓದುವ ಎಷ್ಟೋ ಮಕ್ಕಳಿಗೆ ಓದಿದ್ದರ ಅರ್ಥ ಗೊತ್ತಿರುವುದಿಲ್ಲ. ಅಕ್ಷರ ಬಂತು, ಭಾಷೆ ಬರಲಿಲ್ಲ. ಇನ್ನು ನಗರದ ಹೊಸ ತಲೆಮಾರು ಉರ್ದುವನ್ನು ಫೋನಿನಲ್ಲಿ ಇಂಗ್ಲಿಷ್ ಅಕ್ಷರದಲ್ಲಿ ಬರೆಯುತ್ತದೆ. ಅವರಿಗೆ ಭಾಷೆ ಇದೆ, ಅಕ್ಷರ ಜಾರುತ್ತಿದೆ. ಉರ್ದುವಿನ ನಸ್ತಾಲೀಕ್ ಶೈಲಿ ಅಚ್ಚಿನ ಮೊಳೆಗೆ ಒಗ್ಗಲಿಲ್ಲ. ಪದದ ಮೊದಲು, ನಡುವೆ, ಕೊನೆ ಎಂದು ಅಕ್ಷರ ರೂಪ ಬದಲಿಸುತ್ತದೆ, ಸಾಲಿನಲ್ಲಿ ಓರೆಯಾಗಿ ಇಳಿಯುತ್ತದೆ. ಹಾಗಾಗಿ ಕಂಪ್ಯೂಟರ್ ಬರುವವರೆಗೆ ಉರ್ದು ಪತ್ರಿಕೆಗಳನ್ನು ಕಾತಿಬರೆಂಬ ಲಿಪಿಕಾರರು ಕೈಯಲ್ಲೇ ಬರೆಯುತ್ತಿದ್ದರು. 1927ರಲ್ಲಿ ಶುರುವಾದ ಚೆನ್ನೈನ 'ಮುಸಲ್ಮಾನ್' ಕಂಪ್ಯೂಟರ್ ಬಂದ ಮೇಲೂ ಆ ಪದ್ಧತಿಯನ್ನು ಬಿಡದೆ ಹೆಸರಾಯಿತು. ಉಳಿದ ಕಡೆ ಕಾತಿಬರ ಕೆಲಸ ಹೋಯಿತು. ಆ ಹಿರಿಯರ ಕೈಬರಹ, ಕಲಮ್, ಕಲಿಸುವ ಕ್ರಮ ಇವನ್ನು ಅವರು ಇರುವಾಗಲೇ ದಾಖಲಿಸುವುದು ನಮ್ಮ ವಿಶ್ವವಿದ್ಯಾಲಯಗಳಿಗೆ ತೀರ ದೊಡ್ಡ ಖರ್ಚಲ್ಲ.

ಈಗ ನನ್ನ ಕೇಳಿಕೆ. ಕೇಂದ್ರದ ಪುರಾತತ್ವ ಇಲಾಖೆಯಲ್ಲಿ ಕನ್ನಡ, ಸಂಸ್ಕೃತ ಶಾಸನಗಳ ಶಾಖೆ ಮೈಸೂರಿನಲ್ಲಿದೆ, ಅರಬ್ಬೀ ಪಾರಸಿ ಶಾಸನಗಳದ್ದು ನಾಗಪುರದಲ್ಲಿ. ಬಿಜಾಪುರದ ಒಂದೇ ಬೀದಿಯ ಎರಡು ಕಲ್ಲುಗಳ ಪಡಿಯಚ್ಚು ಎರಡು ದಿಕ್ಕಿಗೆ ಹೋಗುತ್ತದೆ. ಆಡಳಿತಕ್ಕೆ ಅದು ಅನುಕೂಲವಿರಬಹುದು. ಆದರೆ ಎರಡನ್ನೂ ಓದಬಲ್ಲ ವಿದ್ವಾಂಸ ನಮ್ಮಲ್ಲಿ ತಯಾರಾಗುತ್ತಿಲ್ಲ. ರೈಸ್ ಅವರ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳನ್ನು ನಾವು ಕಣ್ಣಿಗೊತ್ತಿಕೊಳ್ಳುತ್ತೇವೆ. ನಾಜಿಂ ಅವರ ಬಿಜಾಪುರ ಶಾಸನಗಳ ಸಂಪುಟ 1936ರಲ್ಲೇ ಬಂದಿದೆ, ಯಜ್ದಾನಿಯವರ ಬೀದರ್ ಗ್ರಂಥ 1947ರಲ್ಲಿ ಬಂದಿದೆ, ಅವನ್ನು ತೆರೆಯುವವರು ಕಡಿಮೆ. ನಮ್ಮ ಶಾಸನಶಾಸ್ತ್ರ ತರಗತಿಗಳಲ್ಲಿ ಬ್ರಾಹ್ಮಿ, ಕದಂಬ, ಹೊಯ್ಸಳ ಲಿಪಿಗಳ ಜೊತೆ ಅರಬ್ಬೀ ಲಿಪಿಗೂ ಒಂದು ಅವಧಿ ಇಡಬೇಕು. ಕರ್ನಾಟಕದ ಎಸ್ಸೆಸ್ಸೆಲ್ಸಿಯಲ್ಲಿ ಅರಬ್ಬಿ ತೃತೀಯ ಭಾಷೆಯಾಗಿ ಈಗಲೂ ಇದೆ. ಅದನ್ನು ಕಲಿಸುವ ಮೇಷ್ಟರನ್ನೇ ಕರೆದು ಪಾಠ ಮಾಡಿಸಬಹುದು. ಮೊದಲ ಪಾಠಕ್ಕೆ ಹೈದರನ ವರಹದ ಆ ಒಂದು ಅಕ್ಷರ ಸಾಕು, ಆಮೇಲೆ ಅಬ್ಜದ್ ಕೋಷ್ಟಕ, ಆಮೇಲೆ ಗೋಳಗುಮ್ಮಟದ ಬಾಗಿಲು. ಈ ಉಪನ್ಯಾಸಕ್ಕೆ ದತ್ತಿಯಿಟ್ಟ ಮನೆತನದ ಹಿರಿಯರು ಒಪ್ಪುವುದಾದರೆ ಅಂಥ ತರಗತಿಯನ್ನು ಇದೇ ಸಭಾಂಗಣದಲ್ಲಿ ಭಾನುವಾರ ಬೆಳಿಗ್ಗೆ ನಡೆಸಲು ನಾನು ಸಿದ್ಧ.